ಒಂದು ಬಟ್ಟಲು ಶಾಖದ ಲೆಕ್ಕ: ಹನೋಯ್ ಬೀದಿಯ ತಿಂಡಿಗಳಲ್ಲಿ ಭೌತಶಾಸ್ತ್ರ

ಕಾಲೇಜಿನ ಭೌತಶಾಸ್ತ್ರ ಪ್ರಯೋಗಶಾಲೆಯನ್ನು ಹೊಕ್ಕ ಪ್ರತಿಯೊಬ್ಬ ವಿದ್ಯಾರ್ಥಿಯೂ ‘ಮಿಶ್ರಣ ವಿಧಾನ’ದ ಪ್ರಯೋಗವನ್ನು ಬಲ್ಲನು. ತಾಮ್ರದ ಕೆಲೊರಿಮಾಪಕದಲ್ಲಿ ತಣ್ಣೀರು, ಅದರೊಳಕ್ಕೆ ಸುರಿಯಲು ಕಾಯಿಸಿಟ್ಟ ಸೀಸದ ಗುಂಡುಗಳು, ಕಲಕುವುದಕ್ಕೊಂದು ಕಡ್ಡಿ, ಅಳೆಯುವುದಕ್ಕೊಂದು ಉಷ್ಣತಾಮಾಪಕ. ಬಿಸಿಯಾದ ವಸ್ತು ಕಳೆದುಕೊಂಡ ಶಾಖವು ತಣ್ಣನೆಯ ವಸ್ತು ಪಡೆದ ಶಾಖಕ್ಕೆ ಸಮ. ಇಷ್ಟೇ ಅದರ ತತ್ತ್ವ. ಕೆಲವು ವರ್ಷಗಳ ಹಿಂದೆ ಈ ಪ್ರಯೋಗವನ್ನು ಮಾಡಿಸುತ್ತಿದ್ದಾಗ ಒಬ್ಬ ವಿದ್ಯಾರ್ಥಿನಿ, “ಸಾರ್, ಸೀಸದ ಗುಂಡನ್ನು ನೀರಿಗೆ ಹಾಕಿ ನೋಡುವ ಕೆಲಸ ಪ್ರಯೋಗಶಾಲೆಯ ಹೊರಗೆ ಯಾರಿಗಾದರೂ ಬೀಳುತ್ತದೆಯೆ?” ಎಂದು ಕೇಳಿದಳು. ನಾವು ಏನೋ ಒಂದು ಉತ್ತರವನ್ನು ಕೊಟ್ಟೆವು. ಅದು ಅವಳಿಗೆ ಒಪ್ಪಿಗೆಯಾಗಲಿಲ್ಲವೆಂಬುದು ಅವಳ ಮುಖದಿಂದಲೇ ತಿಳಿಯಿತು. ನಿಜ ಹೇಳಬೇಕೆಂದರೆ ಅದು ನಮಗೂ ಒಪ್ಪಿಗೆಯಾಗಿರಲಿಲ್ಲ. ಸರಿಯಾದ ಉತ್ತರ ನಮಗೆ ದೊರೆತದ್ದು ವಿಯೆಟ್ನಾಮಿನ ರಾಜಧಾನಿಯಾದ ಹನೋಯ್ ನಗರದಲ್ಲಿ, ಒಂದು ಬೀದಿಯ ಅಂಚಿನಲ್ಲಿ, ಗೇಣುದ್ದದ ಸ್ಟೂಲಿನ ಮೇಲೆ ಕುಳಿತಿದ್ದಾಗ. ಆ ಕಥೆಯನ್ನೂ ಅದರೊಳಗಿನ ಲೆಕ್ಕವನ್ನೂ ಇಲ್ಲಿ ಓದುಗರ ಮುಂದಿಡುತ್ತೇವೆ.

ಮುಂಜಾನೆಯ ಬೀದಿ

ಕಳೆದ ಚಳಿಗಾಲದಲ್ಲಿ ನಾವು ನಾಲ್ವರು ಅಧ್ಯಾಪಕರು ಹನೋಯ್‌ಗೆ ಹೋಗಿದ್ದೆವು. ಪ್ರವಾಸಿಗಳನ್ನು ಸಣ್ಣ ಗುಂಪುಗಳಾಗಿ ಕಾಲ್ನಡಿಗೆಯಲ್ಲಿ ಕರೆದೊಯ್ದು, ಬೀದಿಯ ತಿಂಡಿಗಳನ್ನು ಒಂದೊಂದಾಗಿ ಪರಿಚಯ ಮಾಡಿಕೊಡುವ ಏರ್ಪಾಡು ಅಲ್ಲಿ ಉಂಟು. ನಮಗೆ ದಾರಿ ತೋರಿಸಲು ಬಂದವಳು ಕಾಲೇಜಿನಲ್ಲಿ ವಾಣಿಜ್ಯಶಾಸ್ತ್ರ ಓದುತ್ತಿದ್ದ ಒಬ್ಬ ಯುವತಿ. ಬೆಳಗಿನ ಆರೂವರೆ ಗಂಟೆಗೆ ಹ್ವಾನ್ ಕಿಯೆಮ್ ಸರೋವರದ ದಂಡೆಯಿಂದ ನಮ್ಮ ನಡಿಗೆ ಮೊದಲಾಯಿತು.

ಹನೋಯ್ ಬಹು ಹಳೆಯ ನಗರ. ೧೦೧೦ರಲ್ಲಿ ಥಾಂಗ್ ಲಾಂಗ್ ಎಂಬ ಹೆಸರಿನಿಂದ ಅದು ರಾಜಧಾನಿಯಾಯಿತು. ಸರೋವರದ ಉತ್ತರಕ್ಕಿರುವ ಹಳೆಯ ಪೇಟೆಯನ್ನು ‘ಮೂವತ್ತಾರು ಬೀದಿಗಳು’ ಎಂದು ಕರೆಯುವುದು ವಾಡಿಕೆ. ಅಲ್ಲಿನ ಬೀದಿಗಳ ಹೆಸರುಗಳು ಬಹುಮಟ್ಟಿಗೆ ‘ಹಾಂಗ್’ ಎಂಬ ಮಾತಿನಿಂದ ಆರಂಭವಾಗುತ್ತವೆ. ಹಾಗೆಂದರೆ ಸರಕು. ಹಾಂಗ್ ಬಾಕ್ ಬೆಳ್ಳಿಯ ಬೀದಿ, ಹಾಂಗ್ ಗಾಯ್ ಸೆಣಬಿನ ಬೀದಿ. ಮನೆಗಳು ಬೀದಿಯ ಕಡೆಗೆ ಕೆಲವೇ ಅಡಿ ಅಗಲ, ಒಳಕ್ಕೆ ಕೊಳವೆಯಂತೆ ಉದ್ದ. ಆದಕಾರಣ ಅಡಿಗೆಯೂ ಊಟವೂ ಬೀದಿಯಂಚಿಗೇ ಬಂದುಬಿಟ್ಟಿವೆ. ಒಂದು ಒಲೆ, ಎರಡು ಕೊಳದಪ್ಪಲೆ, ಕೊಚ್ಚುವ ಮಣೆ, ನೀರಿನ ಬಕೆಟ್ಟು, ಹತ್ತು ಪ್ಲಾಸ್ಟಿಕ್ ಸ್ಟೂಲುಗಳು: ಇಷ್ಟಿದ್ದರೆ ಒಂದು ಹೋಟೆಲು.

ನಮ್ಮೊಡನೆ ರಸಾಯನಶಾಸ್ತ್ರದ ಹಿರಿಯ ಅಧ್ಯಾಪಕರೊಬ್ಬರಿದ್ದರು. ಹಿಂದೊಮ್ಮೆ ಬೇರೊಂದು ಊರಿನಲ್ಲಿ ಬೀದಿಯ ತಿಂಡಿ ತಿಂದು ಮೂರು ದಿನ ಹಾಸಿಗೆ ಹಿಡಿದವರು ಅವರು. ಈ ಸಲ ಮನೆಯಿಂದ ಅವಲಕ್ಕಿ, ಚಟ್ನಿಪುಡಿಗಳ ಗಂಟನ್ನು ಕಟ್ಟಿಕೊಂಡೇ ಬಂದಿದ್ದರು. ಅದರ ಜೊತೆಗೆ ಅಡಿಗೆಮನೆಯ ಒಂದು ಪುಟ್ಟ ಉಷ್ಣತಾಮಾಪಕವನ್ನೂ. “ಇದನ್ನು ತಿನ್ನಬಹುದೋ ಬಾರದೋ ಎಂಬುದಕ್ಕೆ ಕಾರಣ ಹೇಳಿ ಸ್ವಾಮಿ, ಧೈರ್ಯ ಹೇಳಬೇಡಿ,” ಎಂದು ಅವರು ಮೊದಲೇ ಎಚ್ಚರಿಸಿದ್ದರು. ಆ ದಿನದ ನಮ್ಮ ನಡಿಗೆಯೆಲ್ಲ ಈ ಒಂದು ಪ್ರಶ್ನೆಯ ಸುತ್ತಲೇ ಸಾಗಿತು.

ಬೆಂದ ಶಾವಿಗೆಯನ್ನು ಮತ್ತೆ ಅದ್ದುವುದೇಕೆ?

ಮೊದಲು ನಿಂತದ್ದು ‘ಫೋ’ ಮಾರುವ ಒಂದು ಅಂಗಡಿಯ ಮುಂದೆ. ಅಲ್ಲಿಯವರ ಬಾಯಲ್ಲಿ ಅದು ‘ಫ’ ಎಂದೇ ಹೆಚ್ಚಾಗಿ ಕೇಳಿಸುತ್ತದೆ. ಅಕ್ಕಿಯ ಚಪ್ಪಟೆ ಶಾವಿಗೆ, ಅದರ ಮೇಲೆ ತೆಳ್ಳಗೆ ಕೊಯ್ದ ದನದ ಮಾಂಸ ಅಥವಾ ಕೋಳಿಯ ಮಾಂಸ, ಹೆಚ್ಚಿದ ಈರುಳ್ಳಿ ಸೊಪ್ಪು, ಮೇಲಿಂದ ಸುರಿದ ಬಿಸಿ ಸಾರು. ಇವು ಕೂಡಿದರೆ ಫೋ. ಇಪ್ಪತ್ತನೆಯ ಶತಮಾನದ ಆದಿಭಾಗದಲ್ಲಿ ಹನೋಯ್ ಮತ್ತು ನಾಮ್ ಡಿನ್ ಪ್ರದೇಶಗಳಲ್ಲಿ ಬಳಕೆಗೆ ಬಂದ ಈ ಊಟ ಇಂದು ಲೋಕದ ನಾನಾ ದೇಶಗಳನ್ನು ಮುಟ್ಟಿದೆ. ಮೂಳೆ, ಸುಟ್ಟ ಶುಂಠಿ, ಸುಟ್ಟ ಈರುಳ್ಳಿ, ಚಕ್ರಮೊಗ್ಗು, ಚಕ್ಕೆ ಮೊದಲಾದುವನ್ನು ಅನೇಕ ಗಂಟೆಗಳ ಕಾಲ ಸಣ್ಣ ಉರಿಯಲ್ಲಿ ಕಾಯಿಸಿ ಸಾರನ್ನು ಇಳಿಸುತ್ತಾರೆ. ಸಸ್ಯಾಹಾರಿಗಳಿಗೂ ಅಲ್ಲಿ ದಾರಿಯುಂಟು. ‘ಚಾಯ್’ ಎಂದರೆ ಅಲ್ಲಿ ಚಹವಲ್ಲ, ಸಸ್ಯಾಹಾರ. ‘ಫೋ ಚಾಯ್’ ಎಂದು ಕೇಳಿದರೆ ತರಕಾರಿಯ ಸಾರಿನಲ್ಲಿ ತೋಫು ಹಾಕಿ ಕೊಡುವ ಅಂಗಡಿಗಳಿವೆ. ನಮ್ಮ ಹೊಟ್ಟೆಗೆ ಬಿದ್ದದ್ದು ಅದು. ನಮ್ಮ ಕಣ್ಣಿಗೆ ಕೆಲಸ ಕೊಟ್ಟದ್ದು ಮಾತ್ರ ಮಾಂಸದ ಬಟ್ಟಲು.

ಅಂಗಡಿಯಾಕೆಯ ಮುಂದೆ ಎರಡು ಪಾತ್ರೆಗಳಿದ್ದುವು. ಒಂದರಲ್ಲಿ ಸಾರು, ಇನ್ನೊಂದರಲ್ಲಿ ಬರಿಯ ಕುದಿನೀರು. ಶಾವಿಗೆ ಬೆಂದೇ ಬಂದಿತ್ತು. ಬುಟ್ಟಿಯಲ್ಲಿ ಬಾಳೆಯೆಲೆಯ ಮೇಲೆ ತಣ್ಣಗೆ ಬಿದ್ದಿತ್ತು. ಆಕೆ ಒಂದು ಹಿಡಿ ಶಾವಿಗೆಯನ್ನು ಹಿಡಿಯುಳ್ಳ ಜಾಲರಿಗೆ ಹಾಕಿ, ಕುದಿನೀರಿನಲ್ಲಿ ಹತ್ತು ಹದಿನೈದು ಸೆಕೆಂಡು ಅದ್ದಿ, ನೀರನ್ನು ಜೋರಾಗಿ ಕೊಡವಿ ಬಟ್ಟಲಿಗೆ ಸುರಿದಳು. ಅದರ ಮೇಲೆ ಹಸಿಯ ಮಾಂಸದ ಎಳೆಗಳನ್ನು ಹರಡಿದಳು. ಆಮೇಲೆ ಸೌಟಿನಿಂದ ಸಾರನ್ನು ನೇರವಾಗಿ ಮಾಂಸದ ಮೇಲೆಯೇ ಬೀಳುವಂತೆ ಹೊಯ್ದಳು. ಕೆಂಪು ಮಾಂಸ ನೋಡುತ್ತಿದ್ದಂತೆಯೇ ಬೂದು ಬಣ್ಣಕ್ಕೆ ತಿರುಗಿತು.

“ಬೆಂದ ಶಾವಿಗೆಯನ್ನು ಮತ್ತೆ ಅದ್ದುವುದೇಕೆ? ಸಾರು ಹೇಗೂ ಬಿಸಿಯಾಗಿದೆಯಲ್ಲ!” ಎಂದು ನಮ್ಮ ಮಿತ್ರರು ಕೇಳಿದರು. ಮಾರ್ಗದರ್ಶಿನಿ ಪ್ರಶ್ನೆಯನ್ನು ಅಂಗಡಿಯಾಕೆಗೆ ತಲುಪಿಸಿ ಉತ್ತರವನ್ನು ತಂದಳು: “ತಣ್ಣನೆಯ ಶಾವಿಗೆ ಸಾರಿನ ಬಿಸಿಯನ್ನು ತಿಂದುಬಿಡುತ್ತದೆಯಂತೆ.” ನಮ್ಮ ಪಠ್ಯಪುಸ್ತಕದ ಒಂದು ಪುಟವನ್ನು ಆಕೆ ಒಂದೇ ವಾಕ್ಯದಲ್ಲಿ ಹೇಳಿ ಮುಗಿಸಿದ್ದಳು. ಶಾವಿಗೆ ಎಷ್ಟು ಬಿಸಿಯನ್ನು ತಿನ್ನುತ್ತದೆ ಎಂಬ ಲೆಕ್ಕವಷ್ಟೆ ನಮ್ಮ ಪಾಲಿಗೆ ಉಳಿಯಿತು.

ಬಟ್ಟಲೇ ಕೆಲೊರಿಮಾಪಕ

ಲೆಕ್ಕಕ್ಕೆ ಮೊದಲು ಎರಡು ಮಾತುಗಳ ವ್ಯತ್ಯಾಸವನ್ನು ನೆನಪಿಗೆ ತಂದುಕೊಳ್ಳೋಣ. ಉಷ್ಣತೆಯೆಂದರೆ ವಸ್ತು ಎಷ್ಟು ಬಿಸಿಯಾಗಿದೆ ಎಂಬುದರ ಅಳತೆ; ಅದನ್ನು ಡಿಗ್ರಿಗಳಲ್ಲಿ ಹೇಳುತ್ತೇವೆ. ಶಾಖವೆಂದರೆ ಬಿಸಿಯ ವಸ್ತುವಿನಿಂದ ತಣ್ಣನೆಯ ವಸ್ತುವಿಗೆ ಹರಿಯುವ ಶಕ್ತಿ. ಒಂದು ಗ್ರಾಂ ನೀರಿನ ಉಷ್ಣತೆಯನ್ನು ಒಂದು ಸೆಲ್ಸಿಯಸ್ ಡಿಗ್ರಿ ಏರಿಸಲು ಬೇಕಾಗುವ ಶಾಖ ಒಂದು ಕೆಲೊರಿ. ಬೇರೆ ಬಹುತೇಕ ವಸ್ತುಗಳಿಗೆ ಬೇಕಾಗುವ ಶಾಖ ನೀರಿಗಿಂತ ಕಡಿಮೆ. ಈ ಪ್ರಮಾಣವೇ ವಿಶಿಷ್ಟೋಷ್ಣ.

ಬಟ್ಟಲಿನಲ್ಲಿರುವ ವಸ್ತುಗಳ ತೂಕವನ್ನು ಅಂದಾಜು ಮಾಡೋಣ. ಸಾರು ೪೦೦ ಗ್ರಾಂ. ಅದರಲ್ಲಿ ಹೆಚ್ಚಿನ ಭಾಗ ನೀರೇ ಆದುದರಿಂದ ವಿಶಿಷ್ಟೋಷ್ಣ ೧ ಎಂದೇ ಇಟ್ಟುಕೊಳ್ಳಬಹುದು. ಬೆಂದ ಶಾವಿಗೆ ೨೦೦ ಗ್ರಾಂ, ವಿಶಿಷ್ಟೋಷ್ಣ ಸುಮಾರು ೦.೮. ಮಾಂಸ ೭೫ ಗ್ರಾಂ, ಅದಕ್ಕೂ ಸುಮಾರು ೦.೮. ಪಿಂಗಾಣಿ ಬಟ್ಟಲು ೪೦೦ ಗ್ರಾಂ, ವಿಶಿಷ್ಟೋಷ್ಣ ಸುಮಾರು ೦.೨. ಹಾಗಾದರೆ ಉಷ್ಣತೆಯನ್ನು ಒಂದು ಡಿಗ್ರಿ ಏರಿಸಲು ಸಾರಿಗೆ ೪೦೦, ಶಾವಿಗೆಗೆ ೧೬೦, ಮಾಂಸಕ್ಕೆ ೬೦, ಬಟ್ಟಲಿಗೆ ೮೦ ಕೆಲೊರಿ ಬೇಕು. ಒಟ್ಟು ೭೦೦.

ಸಾರು ಸೌಟಿನಿಂದ ಬೀಳುವಾಗ ೯೫ ಡಿಗ್ರಿ ಇರಲಿ. ಚಳಿಗಾಲದ ಬೆಳಗಿನ ಗಾಳಿ ೨೦ ಡಿಗ್ರಿ ಇರಲಿ. ಶಾವಿಗೆಯನ್ನು ಅದ್ದದೆ ಹಾಗೆಯೇ ಹಾಕಿದರೆ ಶಾವಿಗೆ, ಮಾಂಸ, ಬಟ್ಟಲು ಮೂರೂ ೨೦ ಡಿಗ್ರಿಯಲ್ಲಿರುತ್ತವೆ. ಆಗ ಎಲ್ಲವೂ ಬೆರೆತ ಮೇಲಿನ ಉಷ್ಣತೆ ಹೀಗೆ:

(೪೦೦ × ೯೫ + ೩೦೦ × ೨೦) ÷ ೭೦೦ = ೪೪,೦೦೦ ÷ ೭೦೦ = ಸುಮಾರು ೬೩ ಡಿಗ್ರಿ.

ಶಾವಿಗೆಯನ್ನು ಕುದಿನೀರಿನಲ್ಲಿ ಅದ್ದಿ ಕೊಡವಿದ ಮೇಲೆ ಅದು ೮೦ ಡಿಗ್ರಿ ಇರುತ್ತದೆಂದು ಹಿಡಿಯೋಣ. ಈಗ:

(೪೦೦ × ೯೫ + ೧೬೦ × ೮೦ + ೧೪೦ × ೨೦) ÷ ೭೦೦ = ೫೩,೬೦೦ ÷ ೭೦೦ = ಸುಮಾರು ೭೬.೫ ಡಿಗ್ರಿ.

ಹತ್ತು ಹದಿನೈದು ಸೆಕೆಂಡಿನ ಆ ಒಂದು ಅದ್ದಿಕೆಯಿಂದ ಬಟ್ಟಲಿನ ಉಷ್ಣತೆ ಸುಮಾರು ಹದಿನಾಲ್ಕು ಡಿಗ್ರಿ ಮೇಲಕ್ಕೇರಿತು! ಇದು ರುಚಿಯ ಮಾತಷ್ಟೇ ಅಲ್ಲ. ಆಹಾರವನ್ನು ಬೇಯಿಸುವಾಗ ಅದರ ಒಳಭಾಗವೆಲ್ಲ ೭೦ ಡಿಗ್ರಿಯನ್ನು ಮುಟ್ಟಬೇಕೆಂಬುದು ವಿಶ್ವ ಆರೋಗ್ಯ ಸಂಸ್ಥೆಯ ಸಲಹೆ. ರೋಗವನ್ನು ತರುವ ಬಹುಪಾಲು ಸೂಕ್ಷ್ಮಜೀವಿಗಳು ಆ ಉಷ್ಣತೆಯಲ್ಲಿ ಬೇಗನೆ ಸಾಯುತ್ತವೆ. ಮೊದಲಿನ ಬಟ್ಟಲು ಆ ಗೆರೆಯ ಕೆಳಗುಳಿಯಿತು, ಎರಡನೆಯದು ಗೆರೆಯನ್ನು ದಾಟಿತು. ಹಸಿ ಮಾಂಸಕ್ಕೆ ಬೇರೆ ಒಲೆಯಿಲ್ಲ, ಈ ಬಟ್ಟಲೇ ಒಲೆ. ಹೀಗಿರುವಾಗ ಅಂಗಡಿಯಾಕೆಯ ಜಾಲರಿಯ ಕೆಲಸ ಎಂತಹುದೆಂಬುದನ್ನು ಓದುಗರು ಊಹಿಸಿಕೊಳ್ಳಬಹುದು.

ನಮ್ಮ ಮಿತ್ರರು ತಮ್ಮ ಉಷ್ಣತಾಮಾಪಕವನ್ನು ಬಟ್ಟಲಿಗಿಳಿಸಿದರು. ಅದು ೭೪ ಡಿಗ್ರಿಯನ್ನು ತೋರಿಸಿತು. ಲೆಕ್ಕಕ್ಕಿಂತ ಕಡಿಮೆ ಬಂದುದು ಸಹಜವೇ. ಬಟ್ಟಲಿನಿಂದ ಏಳುತ್ತಿದ್ದ ಹಬೆ ತನ್ನೊಡನೆ ಶಾಖವನ್ನು ಒಯ್ಯುತ್ತಿತ್ತು. ಒಂದು ಗ್ರಾಂ ನೀರು ಆವಿಯಾಗಲು ೫೪೦ ಕೆಲೊರಿಗೂ ಹೆಚ್ಚು ಶಾಖ ಬೇಕು. ಸಾರಿನ ಮೇಲೆ ತೇಲುವ ಕೊಬ್ಬಿನ ತೆಳು ಪೊರೆ ಈ ಆವಿಯಾಗುವಿಕೆಯನ್ನು ಸ್ವಲ್ಪಮಟ್ಟಿಗೆ ತಡೆಯುತ್ತದೆ. ಪೊರೆಯಿಲ್ಲದ ನಮ್ಮ ಸಸ್ಯಾಹಾರದ ಬಟ್ಟಲು ಬೇಗ ಆರಿದುದನ್ನು ನಾವೇ ಕಂಡೆವು.

ತೆಳ್ಳಗೆ ಕೊಯ್ಯುವುದರ ಗುಟ್ಟು

ಬಟ್ಟಲು ೭೬ ಡಿಗ್ರಿಯಲ್ಲಿದ್ದರೆ ಸಾಲದು. ಮಾಂಸದ ನಡುಭಾಗವೂ ಆ ಉಷ್ಣತೆಗೆ ಬರಬೇಕು, ಅದೂ ಬಟ್ಟಲು ಆರುವ ಮೊದಲೇ. ಘನವಸ್ತುವಿನೊಳಕ್ಕೆ ಶಾಖವು ವಹನದಿಂದ ಸಾಗುತ್ತದೆ. ಅದಕ್ಕೆ ಹಿಡಿಯುವ ಕಾಲವು ದಪ್ಪದ ವರ್ಗಕ್ಕೆ ಅನುಗುಣವಾಗಿರುತ್ತದೆ: ದಪ್ಪ ಎರಡರಷ್ಟಾದರೆ ಕಾಲ ನಾಲ್ಕರಷ್ಟು, ಮೂರರಷ್ಟಾದರೆ ಒಂಬತ್ತರಷ್ಟು. ಎರಡು ಮಿಲಿಮೀಟರ್ ದಪ್ಪದ ಎಳೆಯ ನಡುವಿಗೆ ಎರಡೂ ಕಡೆಗಳಿಂದ ಶಾಖ ಮುಟ್ಟಲು ಏಳೆಂಟು ಸೆಕೆಂಡು ಸಾಕು. ಅದೇ ಮಾಂಸವನ್ನು ಹತ್ತು ಮಿಲಿಮೀಟರ್ ದಪ್ಪಕ್ಕೆ ಕೊಯ್ದರೆ ದಪ್ಪ ಐದರಷ್ಟಾಗಿ, ಕಾಲ ಇಪ್ಪತ್ತೈದರಷ್ಟಾಗುವುದು. ಎಂದರೆ ಸುಮಾರು ಮೂರು ನಿಮಿಷ. ಅಷ್ಟರಲ್ಲಿ ಬಟ್ಟಲಿನ ಬಿಸಿ ಇಳಿದಿರುತ್ತದೆ. ಆದಕಾರಣವೇ ಮಾಂಸವನ್ನು ಕಾಗದದಂತೆ ಕೊಯ್ಯುವುದು, ಕತ್ತಿಯ ಅಗಲದಿಂದ ಬಡಿದು ಇನ್ನಷ್ಟು ತೆಳ್ಳಗಾಗಿಸುವುದು, ಸಾರನ್ನು ಬದಿಗೆ ಹೊಯ್ಯದೆ ಮಾಂಸದ ಮೇಲೆಯೇ ಹೊಯ್ಯುವುದು. ತೆಳುವಾದ ಶಾವಿಗೆ ಕುದಿನೀರಿನಲ್ಲಿ ಕೆಲವೇ ಸೆಕೆಂಡುಗಳಲ್ಲಿ ಬಿಸಿಯಾಗುವುದೂ ಇದೇ ನಿಯಮದಿಂದ.

ಬಟ್ಟೆಯ ಮೇಲೆ ಬೇಯುವ ಹಾಳೆ

ಅಲ್ಲಿಂದ ಮುಂದಿನ ತಿರುವಿನಲ್ಲಿ ‘ಬಾನ್ ಕುವೋನ್’ ಮಾಡುವ ಮುದುಕಿಯೊಬ್ಬಳು ಕುಳಿತಿದ್ದಳು. ಕುದಿಯುವ ನೀರಿನ ಪಾತ್ರೆಯ ಬಾಯಿಗೆ ತೆಳು ಬಟ್ಟೆಯನ್ನು ಬಿಗಿಯಾಗಿ ಕಟ್ಟಿ, ಅದರ ಮೇಲೆ ಅಕ್ಕಿಹಿಟ್ಟಿನ ತೆಳುವಾದ ಸಂಪಣವನ್ನು ಸೌಟಿನ ತಳದಿಂದ ದೋಸೆಯಂತೆ ಹರಡಿ, ಮುಚ್ಚಳವನ್ನಿಟ್ಟಳು. ಒಂದು ನಿಮಿಷದೊಳಗೆ ಮುಚ್ಚಳ ತೆಗೆದು, ಉದ್ದನೆಯ ಬಿದಿರಿನ ಕಡ್ಡಿಯಿಂದ ಆ ಪಾರದರ್ಶಕ ಹಾಳೆಯನ್ನು ಹರಿಯದಂತೆ ಎತ್ತಿ, ಅಣಬೆ ಮುಂತಾದುವನ್ನು ಒಳಗಿಟ್ಟು ಸುತ್ತಿದಳು. ಇಡ್ಲಿಯ ತಟ್ಟೆಗೆ ಬಟ್ಟೆ ಹಾಸಿ ಹಬೆಯಲ್ಲಿ ಬೇಯಿಸುವುದನ್ನು ಕಂಡ ನಮಗೆ ಈ ವಿದ್ಯೆ ತೀರ ಅಪರಿಚಿತವಾಗಿ ತೋರಲಿಲ್ಲ.

ಇಷ್ಟು ಬೇಗ ಬೇಯುವುದು ಹೇಗೆ? ಇಲ್ಲಿ ಕೆಲಸ ಮಾಡುವುದು ಆವಿಯ ಗುಪ್ತೋಷ್ಣ. ೫೦ ಗ್ರಾಂ ಸಂಪಣವನ್ನು ೨೫ ಡಿಗ್ರಿಯಿಂದ ೯೫ ಡಿಗ್ರಿಗೆ ಏರಿಸಲು, ವಿಶಿಷ್ಟೋಷ್ಣ ೦.೯ ಎಂದು ಹಿಡಿದರೆ, ೩,೧೫೦ ಕೆಲೊರಿ ಬೇಕು. ೧೦೦ ಡಿಗ್ರಿಯ ಒಂದು ಗ್ರಾಂ ಆವಿ ನೀರಾಗಿ ಮಾರ್ಪಡುವಾಗ ೫೪೦ ಕೆಲೊರಿಗಳನ್ನು ಬಿಟ್ಟುಕೊಡುತ್ತದೆ. ಆದುದರಿಂದ ಆರು ಗ್ರಾಂ ಆವಿ ಬಟ್ಟೆಯ ಮೇಲೆ ಸಾಂದ್ರೀಕರಿಸಿದರೆ ಕೆಲಸ ಮುಗಿಯಿತು. ಇಷ್ಟೇ ಶಾಖವನ್ನು ೧೦೦ ಡಿಗ್ರಿಯಿಂದ ೯೫ ಡಿಗ್ರಿಗೆ ಆರುವ ಬಿಸಿನೀರಿನಿಂದ ಪಡೆಯಬೇಕಾದರೆ ೬೩೦ ಗ್ರಾಂ ನೀರು ಬೇಕಾಗುವುದು. ಹಬೆಯಿಂದ ಸುಟ್ಟ ಗಾಯ ಬಿಸಿನೀರಿನಿಂದಾದ ಗಾಯಕ್ಕಿಂತ ಹೆಚ್ಚು ತೀವ್ರವಾಗಿರುವುದಕ್ಕೂ ಇದೇ ಕಾರಣ. ಅಕ್ಕಿಯ ಪಿಷ್ಟವು ನೀರನ್ನು ಹೀರಿ ಅಂಟಾಗುವುದು ಸುಮಾರು ೬೫ರಿಂದ ೮೦ ಡಿಗ್ರಿಯೊಳಗೆ. ತೆಳುವಾದ ಹಾಳೆ ಆ ಉಷ್ಣತೆಯನ್ನು ಕ್ಷಣಗಳಲ್ಲಿ ದಾಟಿಬಿಡುತ್ತದೆ.

ನಮ್ಮ ಮಿತ್ರರು ಇಲ್ಲಿ ಉಷ್ಣತಾಮಾಪಕವನ್ನು ಹೊರತೆಗೆಯಲೇ ಇಲ್ಲ. “ಕಣ್ಣೆದುರಿಗೇ ಹಬೆಯಲ್ಲಿ ಬೆಂದದ್ದಕ್ಕೆ ಇನ್ನೇನು ಸಾಕ್ಷಿ ಬೇಕು?” ಎಂದು ಬಾನ್ ಕುವೋನಿನ ಎರಡು ಸುರುಳಿಗಳನ್ನು ತಿಂದರು.

ಕೆಂಡ ಮತ್ತು ಬೀಸಣಿಗೆ

ಹೊತ್ತು ಏರುತ್ತಿದ್ದಂತೆ ಬೀದಿಯ ತುಂಬ ಹೊಗೆ ಕಾಣಿಸಿಕೊಂಡಿತು. ಅದು ‘ಬೂನ್ ಚಾ’ದ ಹೊಗೆ, ಹಂದಿಯ ಮಾಂಸದ ತುಂಡುಗಳನ್ನು ತಂತಿಯ ಜಾಲರಿಯ ನಡುವೆ ಹಿಡಿದು ಇದ್ದಿಲಿನ ಕೆಂಡದ ಮೇಲೆ ಸುಟ್ಟು, ಸಿಹಿ ಹುಳಿ ಬೆರೆತ ರಸದಲ್ಲಿ ಹಾಕಿ, ತಣ್ಣನೆಯ ಶಾವಿಗೆಯೊಡನೆ ಕೊಡುವ ಹನೋಯ್‌ನ ಮಧ್ಯಾಹ್ನದ ಊಟ. ೨೦೧೬ರ ಮೇ ತಿಂಗಳಲ್ಲಿ ಅಮೆರಿಕದ ಅಂದಿನ ಅಧ್ಯಕ್ಷ ಒಬಾಮಾ ಇದೇ ಊರಿನ ಒಂದು ಸಾಧಾರಣ ಅಂಗಡಿಯಲ್ಲಿ ಪ್ಲಾಸ್ಟಿಕ್ ಸ್ಟೂಲಿನ ಮೇಲೆ ಕುಳಿತು ಬೂನ್ ಚಾ ತಿಂದ ಚಿತ್ರವನ್ನು ಅನೇಕರು ನೋಡಿರಬಹುದು.

ಸುಡುವಾತನು ಒಂದು ಕೈಯಲ್ಲಿ ಜಾಲರಿಯನ್ನು ತಿರುಗಿಸುತ್ತ, ಇನ್ನೊಂದು ಕೈಯಲ್ಲಿ ಬೀಸಣಿಗೆಯನ್ನು ಆಡಿಸುತ್ತಿದ್ದನು. ಗಾಳಿ ಹೆಚ್ಚಿದಂತೆ ಇದ್ದಿಲು ಹೆಚ್ಚು ರಭಸದಿಂದ ಉರಿದು ಕೆಂಡದ ಉಷ್ಣತೆ ಏರುತ್ತದೆ. ಇಲ್ಲಿ ಶಾಖ ಮಾಂಸವನ್ನು ಮುಟ್ಟುವುದು ಮುಖ್ಯವಾಗಿ ವಿಕಿರಣದಿಂದ. ವಿಕಿರಣದ ನಿಯಮ ಸ್ಟೆಫಾನನದು: ಹೊಮ್ಮುವ ಶಕ್ತಿಯು ನಿರಪೇಕ್ಷ ಉಷ್ಣತೆಯ ನಾಲ್ಕನೆಯ ಘಾತಕ್ಕೆ ಅನುಗುಣವಾಗಿರುತ್ತದೆ. ಕೆಂಡ ೭೦೦ ಡಿಗ್ರಿಯಿಂದ ೮೦೦ ಡಿಗ್ರಿಗೆ ಏರಿತೆನ್ನೋಣ. ನಿರಪೇಕ್ಷ ಮಾನದಲ್ಲಿ ಅದು ೯೭೩ರಿಂದ ೧,೦೭೩. ಇವುಗಳ ಪ್ರಮಾಣ ೧.೧ಕ್ಕೆ ತುಸು ಹೆಚ್ಚು. ಅದರ ನಾಲ್ಕನೆಯ ಘಾತ ಸುಮಾರು ೧.೪೮. ಉಷ್ಣತೆ ಹತ್ತರಲ್ಲೊಂದು ಪಾಲು ಹೆಚ್ಚಿದರೆ ಶಾಖ ಒಂದೂವರೆಯಷ್ಟಾಗುತ್ತದೆ! ಅದೇ ಕಾರಣದಿಂದ ಬೀಸಣಿಗೆಯ ಒಂದೆರಡು ಹೆಚ್ಚಿನ ಏಟು ಮಾಂಸವನ್ನು ಕರಿಕಾಗಿಸಲೂ ಸಾಕು. ಆತನ ಕಣ್ಣು ಕೆಂಡದ ಬಣ್ಣದ ಮೇಲೆಯೇ ನೆಟ್ಟಿತ್ತು. ಆ ಬಣ್ಣವೇ ಅವನ ಉಷ್ಣತಾಮಾಪಕ.

ನೊರೆಯ ಕಂಬಳಿ

ನಡುಹಗಲಿಗೆ ಮಾರ್ಗದರ್ಶಿನಿ ನಮ್ಮನ್ನು ಕಾಫಿಗೆ ಕರೆದೊಯ್ದಳು. ಕಾಫಿಯ ಮಾತು ಬಂದರೆ ಕನ್ನಡಿಗರ ಕಿವಿ ನೆಟ್ಟಗಾಗುವುದು ಸಹಜ. ಭಾರತದ ಕಾಫಿಯ ಬಹುಭಾಗ ಬೆಳೆಯುವುದು ಕರ್ನಾಟಕದಲ್ಲೇ. ೧೮೫೭ರಲ್ಲಿ ಫ್ರೆಂಚ್ ಪಾದ್ರಿಗಳಿಂದ ಕಾಫಿ ಗಿಡವನ್ನು ಪಡೆದ ವಿಯೆಟ್ನಾಮು ಇಂದು ಬ್ರೆಜಿಲಿನ ತರುವಾಯ ಜಗತ್ತಿನಲ್ಲೇ ಅತಿ ಹೆಚ್ಚು ಕಾಫಿ ಬೆಳೆಯುವ ದೇಶ. ಅದರಲ್ಲಿ ರೊಬಸ್ಟಾ ತಳಿಯದೇ ಮೇಲುಗೈ.

ಅಲ್ಲಿನ ಕಾಫಿ ಶೋಧಕಕ್ಕೆ ‘ಫಿನ್’ ಎಂದು ಹೆಸರು. ಲೋಟದ ಮೇಲೆ ಕೂರುವ ತೂತಿನ ಲೋಹದ ಬಟ್ಟಲು, ಪುಡಿಯನ್ನು ಒತ್ತುವ ತೂತಿನ ಬಿಲ್ಲೆ, ಮುಚ್ಚಳ; ರಚನೆ ನಮ್ಮ ಫಿಲ್ಟರಿನ ತಮ್ಮನಂತಿದೆ. ಆದರೆ ನಮ್ಮಲ್ಲಿ ಇಳಿದ ಡಿಕಾಕ್ಷನ್ನಿಗೆ ಬಿಸಿ ಹಾಲನ್ನು ಬೆರೆಸುತ್ತೇವೆ. ಅಲ್ಲಿ ನಾಲ್ಕೈದು ನಿಮಿಷ ತೊಟ್ಟಿಕ್ಕಿದುದನ್ನು ಹಾಗೆಯೇ ಕುಡಿಯುವುದು ಅಥವಾ ಡಬ್ಬಿಯ ಗಟ್ಟಿ ಹಾಲಿನೊಡನೆ ಕಲಸುವುದು. ಹನಿಹನಿಯಾಗಿ ಬೀಳುವ ಕಾಫಿ ದಾರಿಯಲ್ಲೇ ಶಾಖವನ್ನು ಕಳೆದುಕೊಳ್ಳುತ್ತದೆ. ಅದಕ್ಕಾಗಿ ಕೆಲವು ಅಂಗಡಿಗಳಲ್ಲಿ ಲೋಟವನ್ನು ಬಿಸಿನೀರಿನ ಬಟ್ಟಲಿನೊಳಗೆ ಇಟ್ಟು ಕೊಡುತ್ತಾರೆ.

ಹನೋಯ್‌ನ ವಿಶೇಷವೆಂದರೆ ಮೊಟ್ಟೆ ಕಾಫಿ. ೧೯೪೬ರಲ್ಲಿ ಹಾಲಿನ ಅಭಾವವಿದ್ದ ಕಾಲದಲ್ಲಿ, ಮೆಟ್ರೊಪೋಲ್ ಹೋಟೆಲಿನಲ್ಲಿ ಕೆಲಸಕ್ಕಿದ್ದ ನ್ಗುಯೆನ್ ವಾನ್ ಜಾಂಗ್ ಎಂಬಾತನು ಮೊಟ್ಟೆಯ ಹಳದಿಯನ್ನು ಸಕ್ಕರೆಯೊಡನೆ ಕಡೆದು ನೊರೆ ಮಾಡಿ ಕಾಫಿಯ ಮೇಲೆ ತೇಲಿಬಿಟ್ಟನೆಂದು ಅದರ ಚರಿತ್ರೆ. ನೊರೆಯೆಂದರೆ ಗಾಳಿಯ ಗುಳ್ಳೆಗಳ ಕಟ್ಟು. ಗಾಳಿಯ ಉಷ್ಣವಾಹಕತೆ ನೀರಿನದಕ್ಕಿಂತ ಸುಮಾರು ಇಪ್ಪತ್ತೈದು ಪಾಲು ಕಡಿಮೆ. ಆದುದರಿಂದ ನೊರೆ ಕಾಫಿಗೆ ಹೊದಿಸಿದ ಕಂಬಳಿ. ಕಾಫಿ ಬಹಳ ಹೊತ್ತು ಬಿಸಿಯಾಗಿರುತ್ತದೆ.

ನಮ್ಮ ಮಿತ್ರರು ಲೋಟವನ್ನು ಕೈಗೆತ್ತಿಕೊಂಡು ತುಸು ಯೋಚಿಸಿದರು. ಆಮೇಲೆ, “ಕಂಬಳಿ ಒಳಗಿನ ಶಾಖವನ್ನು ಹೊರಗೆ ಬಿಡುವುದಿಲ್ಲವೆಂದರೆ ಕಂಬಳಿಯ ಮೇಲ್ಭಾಗ ಬಿಸಿಯಾಗುವುದಿಲ್ಲವೆಂದೇ ಅರ್ಥವಲ್ಲವೆ?” ಎಂದರು. ಮಾಪಕವನ್ನು ನೊರೆಗೆ ಮಾತ್ರ ತಾಗಿಸಿ ನೋಡಿದೆವು. ಕೆಳಗೆ ಕಾಫಿ ನಾಲಗೆ ಸುಡುತ್ತಿದ್ದರೂ ಮೇಲಿನ ನೊರೆ ಉಗುರುಬೆಚ್ಚಗಿತ್ತು. ಕಾಫಿಯನ್ನು ಕಾಯುವ ಗುಣವೇ ಮೊಟ್ಟೆಯನ್ನು ಹಸಿಯಾಗಿ ಉಳಿಸಿತ್ತು! ಮೊಟ್ಟೆ ತಾಜಾ ಆಗಿದ್ದು, ಆಗತಾನೆ ಒಡೆದುದಾದರೆ ಅಪಾಯ ಕಡಿಮೆ. ಆದರೆ ಆ ಭರವಸೆ ಶಾಖದಿಂದ ಬಂದುದಲ್ಲ. ಅವರು ನೊರೆಯಿಲ್ಲದ ಕಪ್ಪು ಕಾಫಿಯನ್ನು ತರಿಸಿಕೊಂಡರು.

ಶಾಖ ಮುಟ್ಟದ ತಿಂಡಿ

ಹೀಗೆ ನಮ್ಮ ಮಿತ್ರರ ಪ್ರಶ್ನೆಗೆ ಉತ್ತರ ರೂಪುಗೊಂಡಿತು. ಬೀದಿಯೋ ಭವ್ಯ ಹೋಟೆಲೋ ಎಂಬುದು ಮುಖ್ಯವಲ್ಲ. ನಮ್ಮ ಬಾಯಿಗೆ ಬರುವ ತುತ್ತಿನ ಯಾವ ಭಾಗ ಕೊನೆಯ ಗಳಿಗೆಯಲ್ಲಿ ಶಾಖವನ್ನು ಕಂಡಿದೆ, ಯಾವುದು ಕಂಡಿಲ್ಲ ಎಂಬುದು ಮುಖ್ಯ. ಹಸಿ ಸೊಪ್ಪು ಶಾಖವನ್ನು ಕಂಡಿಲ್ಲ. ಅದರ ಗುಣ ತೊಳೆದ ನೀರಿನ ಗುಣವೇ. ಮಂಜುಗಡ್ಡೆಯೂ ಹಾಗೆಯೇ. ನೀರು ಹೆಪ್ಪುಗಟ್ಟಿದ ಮಾತ್ರಕ್ಕೆ ಸೂಕ್ಷ್ಮಜೀವಿಗಳೆಲ್ಲ ಸಾಯುವುದಿಲ್ಲ. ಅನೇಕವು ಸುಮ್ಮನೆ ಕಾದು ಕುಳಿತಿರುತ್ತವೆ.

‘ಬಾನ್ ಮೀ’ ಎಂಬ ತಿಂಡಿಯ ವಿಷಯದಲ್ಲಿ ಇದನ್ನು ವಿಶೇಷವಾಗಿ ನೆನೆಯಬೇಕು. ಫ್ರೆಂಚರಿಂದ ಬಂದ ಗರಿಗರಿಯಾದ ರೊಟ್ಟಿಯನ್ನು ಸೀಳಿ, ಒಳಗೆ ತಣ್ಣನೆಯ ಮಾಂಸ, ಹಸಿ ಮೊಟ್ಟೆಯಿಂದ ಮಾಡಿದ ಲೇಪ, ಉಪ್ಪಿನಲ್ಲಿಟ್ಟ ತರಕಾರಿ, ಕೊತ್ತಂಬರಿ ಇವನ್ನು ತುಂಬುತ್ತಾರೆ. ರೊಟ್ಟಿ ಬಿಸಿಯಾಗಿರಬಹುದು, ಒಳಗಿನದಲ್ಲ. ತಿಂಡಿ ಬಲು ರುಚಿ. ತಾಜಾ ಸಾಮಗ್ರಿಯನ್ನು ತಂಪಾಗಿ ಕಾಪಾಡಿದಲ್ಲಿ ಅಂಜಿಕೆಯೂ ಇಲ್ಲ. ಆದರೆ ೨೦೨೪ರ ಏಪ್ರಿಲ್ ಕೊನೆಯಲ್ಲಿ ವಿಯೆಟ್ನಾಮಿನ ದಕ್ಷಿಣಭಾಗದ ಲಾಂಗ್ ಖಾನ್ ಪಟ್ಟಣದಲ್ಲಿ ಒಂದೇ ಅಂಗಡಿಯ ಬಾನ್ ಮೀ ತಿಂದು ಐನೂರಕ್ಕೂ ಹೆಚ್ಚು ಜನ ಕಾಯಿಲೆ ಬಿದ್ದರು. ಪರೀಕ್ಷೆಯಲ್ಲಿ ಸಾಲ್ಮೊನೆಲ್ಲಾ ಎಂಬ ಜೀವಾಣು ಕಂಡುಬಂತು. ಅದು ಬೇಸಗೆಯ ಕಾಲ. ೫ ಡಿಗ್ರಿಗೂ ೬೦ ಡಿಗ್ರಿಗೂ ನಡುವಣ ಉಷ್ಣತೆಯಲ್ಲಿ ಜೀವಾಣುಗಳು ಬೇಗ ವೃದ್ಧಿಯಾಗುತ್ತವೆ. ಆದಕಾರಣ ಬಿಸಿಯ ಆಹಾರವನ್ನು ೬೦ ಡಿಗ್ರಿಗಿಂತ ಮೇಲೆ, ತಣ್ಣನೆಯದನ್ನು ೫ ಡಿಗ್ರಿಗಿಂತ ಕೆಳಗೆ ಇಡಬೇಕೆಂದು ವಿಶ್ವ ಆರೋಗ್ಯ ಸಂಸ್ಥೆ ಹೇಳುತ್ತದೆ.

ಶಾಖವೇ ಸರ್ವರಕ್ಷಕವೆಂದು ಭೌತಶಾಸ್ತ್ರದವರಾದ ನಾವು ಹೆಮ್ಮೆಪಡಬೇಕಾಗಿಯೂ ಇಲ್ಲ. ಬೇಯಿಸಿದ ಅನ್ನವನ್ನೋ ಶಾವಿಗೆಯನ್ನೋ ಬಹಳ ಹೊತ್ತು ಹೊರಗೆ ಇಟ್ಟರೆ, ಬ್ಯಾಸಿಲಸ್ ಸಿರಿಯಸ್ ಎಂಬ ಜೀವಾಣು ಅದರಲ್ಲಿ ಬೆಳೆದು ಒಂದು ವಿಷವನ್ನು ಉಂಟುಮಾಡಬಲ್ಲದು. ಆ ವಿಷ ಕುದಿನೀರಿಗೂ ಜಗ್ಗುವುದಿಲ್ಲ. ಅಂತಹ ಶಾವಿಗೆಯನ್ನು ಎಷ್ಟು ಸಲ ಅದ್ದಿದರೂ ಪ್ರಯೋಜನವಿಲ್ಲ. ಆದ್ದರಿಂದ ಗಿರಾಕಿಗಳು ಹೆಚ್ಚಾಗಿ ಬರುವ, ಬೆಳಗ್ಗೆ ತಂದ ಬುಟ್ಟಿ ಮಧ್ಯಾಹ್ನದೊಳಗೆ ಬರಿದಾಗುವ ಅಂಗಡಿಯನ್ನೇ ಆರಿಸಬೇಕು. ಮಾರ್ಗದರ್ಶಿನಿ ನಮ್ಮನ್ನು ಅಂತಹ ಅಂಗಡಿಗಳಿಗೇ ಕರೆದೊಯ್ದಿದ್ದಳು. ಕಾರಣ ಕೇಳಿದಾಗ, “ಅಮ್ಮ ಹಾಗೇ ಹೇಳಿಕೊಟ್ಟಿದ್ದಾಳೆ,” ಎಂದಳು.

ಮನೆಯಲ್ಲಿ ಮಾಡಬಹುದಾದ ಪ್ರಯೋಗ

ಓದುಗರಾದ ವಿದ್ಯಾರ್ಥಿಗಳು ಇದನ್ನು ನಂಬಿ ಸುಮ್ಮನಾಗದೆ ಮನೆಯಲ್ಲಿ ಮಾಡಿ ನೋಡಬೇಕು. ಒಂದೇ ಬಗೆಯ ಮೂರು ಬಟ್ಟಲುಗಳನ್ನು ತೆಗೆದುಕೊಳ್ಳಿ. ಹಿಂದೆಯೇ ಮಾಡಿ ಆರಿಸಿದ ಒತ್ತು ಶಾವಿಗೆಯನ್ನು ೨೦೦ ಗ್ರಾಮಿನಂತೆ ಮೂರು ಪಾಲು ಮಾಡಿ. ಮೊದಲನೆಯದನ್ನು ಹಾಗೆಯೇ ಬಟ್ಟಲಿಗೆ ಹಾಕಿ. ಉಳಿದೆರಡನ್ನು ಜರಡಿಯಲ್ಲಿಟ್ಟು ಕುದಿನೀರಿನಲ್ಲಿ ಹದಿನೈದು ಸೆಕೆಂಡು ಅದ್ದಿ, ಕೊಡವಿ ಹಾಕಿ. ಮೂರಕ್ಕೂ ೪೦೦ ಮಿಲಿಲೀಟರಿನಂತೆ ಕುದಿಯುವ ನೀರನ್ನು ಹೊಯ್ಯಿರಿ. ಮೂರನೆಯದರ ಮೇಲೆ ಒಂದು ಚಮಚ ಎಣ್ಣೆಯನ್ನು ತೇಲಿಬಿಡಿ. ಹತ್ತು ನಿಮಿಷಗಳವರೆಗೆ ನಿಮಿಷಕ್ಕೊಮ್ಮೆ ಉಷ್ಣತೆಯನ್ನು ಬರೆದುಕೊಂಡು ನಕ್ಷೆ ಬರೆಯಿರಿ. ಕುದಿನೀರಿನ ಕೆಲಸಕ್ಕೆ ಮನೆಯ ಹಿರಿಯರು ಜೊತೆಗಿರಲಿ. ಬೆಂಗಳೂರಿನಂತೆ ಸಮುದ್ರಮಟ್ಟದಿಂದ ಸುಮಾರು ೯೦೦ ಮೀಟರ್ ಎತ್ತರದಲ್ಲಿರುವವರಿಗೆ ನೀರು ೯೭ ಡಿಗ್ರಿಯ ಆಸುಪಾಸಿನಲ್ಲೇ ಕುದಿಯುವುದೆಂಬುದನ್ನು ಲೆಕ್ಕ ಹಾಕುವಾಗ ಮರೆಯಬಾರದು.

ಮೊದಲ ಎರಡು ನಕ್ಷೆಗಳ ನಡುವಣ ಅಂತರವೇ ಹನೋಯ್‌ನ ಆ ಅಂಗಡಿಯಾಕೆಯ ವಿದ್ಯೆ. ವಿಶಿಷ್ಟೋಷ್ಣವೆಂಬ ಮಾತನ್ನು ಆಕೆ ಕೇಳಿರಲಾರಳು. ಆದರೆ ದಿನವೂ ಬೆಳಗ್ಗೆ ಅದೆಷ್ಟೋ ಜನರ ಆರೋಗ್ಯ ಆಕೆಯ ಜಾಲರಿಯನ್ನು ನಂಬಿ ನಿಂತಿದೆ. ಈಗ ನಮ್ಮ ಪ್ರಯೋಗಶಾಲೆಯಲ್ಲಿ ಮಿಶ್ರಣ ವಿಧಾನದ ಪಾಠ ಆರಂಭವಾಗುವುದು ಸೀಸದ ಗುಂಡಿನಿಂದಲ್ಲ, ಒಂದು ಬಟ್ಟಲು ಶಾವಿಗೆಯಿಂದ. ಅಂದು ಪ್ರಶ್ನೆ ಕೇಳಿದ ವಿದ್ಯಾರ್ಥಿನಿ ಓದು ಮುಗಿಸಿ ಹೋಗಿ ವರ್ಷಗಳಾದುವು. ಈ ಲೇಖನ ಅವಳ ಕಣ್ಣಿಗೆ ಬಿದ್ದರೆ, ಉತ್ತರ ತಡವಾಗಿ ಬಂದುದಕ್ಕೆ ತನ್ನ ಅಧ್ಯಾಪಕರನ್ನು ಅವಳು ಕ್ಷಮಿಸಲಿ.